ಅನುಕೂಲದ ನಂಟಿಗೆ ಇಂದಿರೆಯ ಉತ್ತರ

ಹುಡುಗನಿಗೆ ವಿದೇಶದಲ್ಲಿ ಓದಲು ಹಣ ಬೇಕು. ಹುಡುಗಿಯ ತಂದೆಗೆ ಓದಿದ ಅಳಿಯ ಬೇಕು. ಒಂದು ನಿಶ್ಚಿತಾರ್ಥದಿಂದ ಇಬ್ಬರ ಕೆಲಸವೂ ಆಗುತ್ತದೆ. 1961ರಲ್ಲಿ ವರದಕ್ಷಿಣೆ ನಿಷೇಧ ಕಾಯಿದೆ ಬಂದರೂ ‘ಓದಿನ ಖರ್ಚು ಮಾವನದು’ ಎಂಬ ಒಪ್ಪಂದವನ್ನು ಮಧ್ಯಮವರ್ಗ ಮರ್ಯಾದಸ್ಥ ವ್ಯವಹಾರವೆಂದೇ ಭಾವಿಸಿತ್ತು. ಇಂಥ ಅನುಕೂಲದ ನಂಟನ್ನು ಕಥಾವಸ್ತುವಾಗಿಸಿದ ಕಾದಂಬರಿ ತ್ರಿವೇಣಿಯವರ (1928–1963) ‘ಬೆಳ್ಳಿಮೋಡ’.

ಕಾಫಿ ತೋಟದ ಸಿರಿವಂತರ ಒಬ್ಬಳೇ ಮಗಳು ಇಂದಿರಾ. ಆಕೆಯನ್ನು ಮದುವೆಯಾಗಲು ಒಪ್ಪಿದ ಮೋಹನ, ಭಾವೀ ಮಾವನ ಹಣದಲ್ಲಿ ವಿದೇಶಕ್ಕೆ ಹೋಗುತ್ತಾನೆ. ಈ ನಡುವೆ ಇಂದಿರೆಗೆ ತಮ್ಮ ಹುಟ್ಟುತ್ತಾನೆ. ಆಸ್ತಿಗೆ ವಾರಸುದಾರ ಬಂದಂತಾಯಿತು. ಮೋಹನನ ಆಸಕ್ತಿಯೂ ಕರಗುತ್ತದೆ. ಮುಂದೆ ಅವನು ಬಿದ್ದು ಗಾಯಗೊಂಡಾಗ ಶುಶ್ರೂಷೆ ಮಾಡುವವಳು ಇಂದಿರೆಯೇ. ಆಗ ಅವನಲ್ಲಿ ನಿಜವಾದ ಒಲವು ಮೂಡುತ್ತದೆ. ಆದರೆ ಇಂದಿರಾ ಅವನನ್ನು ಒಪ್ಪುವುದಿಲ್ಲ. ಪುಟ್ಟಣ್ಣ ಕಣಗಾಲ್ ಕನ್ನಡದಲ್ಲಿ ನಿರ್ದೇಶಿಸಿದ ಮೊದಲ ಚಿತ್ರವಾಗಿ 1967ರಲ್ಲಿ ಇದು ತೆರೆಗೆ ಬಂದಾಗ, ಕಲ್ಪನಾ ಅಭಿನಯದಲ್ಲಿ ಆ ನಿರಾಕರಣೆ ಮನೆಮಾತಾಯಿತು.

ಅನುಕೂಲದ ನಂಟು ಜಪಾನಿನ ಪ್ರಣಯ ಕಥೆಗಳಿಗೂ ಬಹು ಪ್ರಿಯವಾದ ವಸ್ತು. ಒಜಾಕಿ ಕೋಯೋ 1897ರಿಂದ ‘ಯೋಮಿಯುರಿ’ ದಿನಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬರೆದ ‘ಕೊಂಜಿಕಿ ಯಾಶಾ’ದಲ್ಲಿ ಪಾತ್ರಗಳು ಅದಲುಬದಲಾಗಿವೆ. ಅಲ್ಲಿ ಹಣಕ್ಕೆ ಸೋಲುವವಳು ಹೆಣ್ಣು. ಮಿಯಾ ತನ್ನ ಇನಿಯನನ್ನು ತೊರೆದು ವಜ್ರದುಂಗುರದ ಧನಿಕನನ್ನು ವರಿಸುತ್ತಾಳೆ. ನೊಂದ ಇನಿಯ ನಿರ್ದಯ ಬಡ್ಡಿವ್ಯಾಪಾರಿಯಾಗುತ್ತಾನೆ. ಶೀರ್ಷಿಕೆಯ ‘ಯಾಶಾ’ ನಮ್ಮ ‘ಯಕ್ಷ’ನೇ, ಬೌದ್ಧಧರ್ಮದೊಡನೆ ಜಪಾನು ತಲುಪಿದ ಪದ. 1903ರಲ್ಲಿ ಲೇಖಕ ತೀರಿಕೊಂಡದ್ದರಿಂದ ಕಥೆ ಮುಗಿಯಲಿಲ್ಲ.

ಈಚಿನ ಕಥೆಗಳಲ್ಲಿ ಕರಾರಿನ ಮದುವೆಯೇ ಮೆಲ್ಲಗೆ ಪ್ರೇಮವಾಗುತ್ತದೆ. ಉಮಿನೊ ತ್ಸುನಾಮಿ ಎಂಬ ಲೇಖಕಿ 2012ರಲ್ಲಿ ಆರಂಭಿಸಿದ, 2016ರಲ್ಲಿ ದೂರದರ್ಶನ ಧಾರಾವಾಹಿಯಾಗಿ ಜನಪ್ರಿಯವಾದ ಚಿತ್ರಕಥೆಯಲ್ಲಿ ಕೆಲಸ ಕಳೆದುಕೊಂಡ ಮಿಕುರಿ, ಮನೆಗೆಲಸಕ್ಕೆ ಸಂಬಳ ಪಡೆಯುವ ಕರಾರಿನ ಮೇಲೆ ಒಬ್ಬನ ‘ಹೆಂಡತಿ’ಯಾಗುತ್ತಾಳೆ. ಇಬ್ಬರಲ್ಲೂ ಪ್ರೀತಿ ಹುಟ್ಟಿ, ಅವನು ನಿಜವಾದ ಮದುವೆಯ ಮಾತೆತ್ತಿದಾಗ ಅವಳು ತಡೆಯುತ್ತಾಳೆ. ಪ್ರೀತಿಸುತ್ತಾಳೆಂಬ ಕಾರಣಕ್ಕೆ ಸಂಬಳವಿಲ್ಲದೆ ದುಡಿಸಿಕೊಂಡರೆ ಅದೂ ಶೋಷಣೆಯೇ ಎಂಬುದು ಅವಳ ವಾದ.

ಮಿಕುರಿ ಕೊನೆಗೆ ಹೊಸ ಷರತ್ತುಗಳ ಹೊಂದಾಣಿಕೆಗೆ ದಾರಿ ಹುಡುಕುತ್ತಾಳೆ. ಇಂದಿರಾ ಬಾಗಿಲು ಮುಚ್ಚುತ್ತಾಳೆ. ಆದರೂ ಇಬ್ಬರ ತಕರಾರು ಒಂದೇ ಬಗೆಯದು. ಒಲವು ಮೂಡಿದೊಡನೆ ಹಳೆಯ ಲೆಕ್ಕ ತಾನಾಗಿ ಚುಕ್ತಾ ಆಗುವುದಿಲ್ಲ. ಶುಶ್ರೂಷೆ ಮಾಡಿದ ಹೆಣ್ಣು ಕ್ಷಮಿಸಲೇಬೇಕು, ಕ್ಷಮಿಸಿದವಳು ಕೈಹಿಡಿಯಲೇಬೇಕು ಎಂದು ಓದುಗರು ನಿರೀಕ್ಷಿಸುತ್ತಿದ್ದ ಕಾಲದಲ್ಲಿ, ಈ ಮೂರೂ ಬೇರೆಬೇರೆ ಎಂದು ತ್ರಿವೇಣಿ ತೋರಿಸಿದರು. ಮೋಹನನ ಪ್ರೀತಿ ಸುಳ್ಳೆಂದು ಅವರು ಬರೆಯಲಿಲ್ಲ. ಅದು ನಿಜವಾಗಿದ್ದರೂ ಬೇಡವೆನ್ನುವ ಹಕ್ಕನ್ನು ಇಂದಿರೆಗೆ ಕೊಟ್ಟರು.