ಮೂಳೆ ಹೇಳಿದ ‘ಅಲ್ಲ’

ಮೈಸೂರು ಜಿಲ್ಲೆಯ ಬೆಟ್ಟದಪುರದಲ್ಲಿ ಸಿಕ್ಕ ಒಂದು ಅಸ್ಥಿಪಂಜರ, ಕುಶಾಲನಗರ ಬಳಿಯ ಬಸವನಹಳ್ಳಿಯ ಆದಿವಾಸಿ ಕೂಲಿ ಕಾರ್ಮಿಕರೊಬ್ಬರನ್ನು ಕೊಲೆ ಆರೋಪಿಯನ್ನಾಗಿ ಮಾಡಿತು. ಹೆಂಡತಿ ಕಾಣೆಯಾಗಿದ್ದಾರೆಂದು ಪೊಲೀಸರಿಗೆ ದೂರು ಕೊಟ್ಟವರೇ ಅವರು. ಅಸ್ಥಿಪಂಜರ ಆ ಹೆಂಡತಿಯದೇ ಎಂಬ ಆರೋಪದ ಮೇಲೆ ವರ್ಷಕ್ಕೂ ಮಿಕ್ಕಿ ಜೈಲಿನಲ್ಲಿದ್ದರು. 2025ರ ಏಪ್ರಿಲ್ 1ರಂದು ಆ ಹೆಂಡತಿ ಮಡಿಕೇರಿಯ ಹೋಟೆಲೊಂದರಲ್ಲಿ ಜೀವಂತವಾಗಿ ಕಾಣಿಸಿಕೊಂಡರು. ಅದೇ ತಿಂಗಳು ಮೈಸೂರಿನ ಐದನೇ ಹೆಚ್ಚುವರಿ ಜಿಲ್ಲಾ ಮತ್ತು ಸೆಷನ್ಸ್ ನ್ಯಾಯಾಲಯ ಗಂಡನನ್ನು ಖುಲಾಸೆ ಮಾಡಿ, 1 ಲಕ್ಷ ರೂಪಾಯಿ ಪರಿಹಾರ ಕೊಡಲು ಆದೇಶಿಸಿತು.

ನನ್ನನ್ನು ಕಾಡುವುದು ಬೇರೆ ಸಂಗತಿ. ಆ ಮಹಿಳೆ ಕಣ್ಣಿಗೆ ಬೀಳುವ ಎಷ್ಟೋ ಮೊದಲೇ ಅವರ ತಾಯಿಯ ರಕ್ತದ ಡಿಎನ್‌ಎ ಮೂಳೆಯ ಡಿಎನ್‌ಎಗೆ ಹೊಂದುವುದಿಲ್ಲವೆಂಬ ವರದಿ ಬಂದಿತ್ತು. ಆದರೂ ವಿಚಾರಣೆ ಮುಂದುವರಿಯಿತು.

ಮಳೆ, ಬಿಸಿಲು, ಸೂಕ್ಷ್ಮಜೀವಿಗಳ ದಾಳಿಗೆ ಮಾಂಸ ಕರಗಿಹೋದರೂ ತೊಡೆಮೂಳೆಯ ಗಟ್ಟಿ ಭಾಗದಲ್ಲಿ, ಹಲ್ಲಿನೊಳಗೆ ಡಿಎನ್‌ಎ ಬಹುಕಾಲ ಉಳಿಯುತ್ತದೆ. ಪ್ರಯೋಗಾಲಯದಲ್ಲಿ ಮೂಳೆಯ ಮೇಲ್ಪದರವನ್ನು ಉಜ್ಜಿ ತೆಗೆದು, ಉಳಿದದ್ದನ್ನು ನುಣ್ಣಗೆ ಪುಡಿಮಾಡಿ, ಕ್ಯಾಲ್ಸಿಯಂ ಕರಗಿಸಿ ಡಿಎನ್‌ಎ ಬಿಡಿಸಿಕೊಳ್ಳುತ್ತಾರೆ. ಡಿಎನ್‌ಎಯ ಕೆಲವು ಜಾಗಗಳಲ್ಲಿ ಒಂದೇ ಪುಟ್ಟ ತುಣುಕು ಮತ್ತೆಮತ್ತೆ ಬರುತ್ತದೆ. ಎಷ್ಟು ಸಲ ಎಂಬುದು ಒಬ್ಬೊಬ್ಬರಲ್ಲಿ ಒಂದೊಂದು ತರ. ಪ್ರತಿ ಜಾಗಕ್ಕೂ ಎರಡು ಸಂಖ್ಯೆ: ತಾಯಿಯಿಂದ ಬಂದದ್ದೊಂದು, ತಂದೆಯಿಂದ ಬಂದದ್ದೊಂದು. ತಾಯಿಯಲ್ಲಿ 12 ಮತ್ತು 15 ಇದ್ದರೆ ಮಗಳಲ್ಲಿ ಅವೆರಡರಲ್ಲೊಂದು ಇರಬೇಕು. 9 ಮತ್ತು 17 ಕಂಡರೆ ಅನುಮಾನ ಶುರು. ಒಂದು ಜಾಗದ ವ್ಯತ್ಯಾಸವಾದರೆ ಉತ್ಪರಿವರ್ತನೆ ಇರಬಹುದು. ಹಲವು ಜಾಗಗಳಲ್ಲಿ ತಪ್ಪಿದರೆ ಅವರು ತಾಯಿ-ಮಗಳಲ್ಲ.

‘ಹೊಂದುತ್ತದೆ’ ಎಂಬ ವರದಿಗೆ ಸಂಭಾವ್ಯತೆಯ ಲೆಕ್ಕ ಬೇಕು, ಏಕೆಂದರೆ ಬೇರೆಯವರಿಗೂ ಆಕಸ್ಮಿಕವಾಗಿ ಹೊಂದಬಹುದು. ಮಾದರಿಗಳು ಅದಲುಬದಲಾಗದಿದ್ದರೆ ‘ಹೊಂದುವುದಿಲ್ಲ’ ಎಂಬುದಕ್ಕೆ ಅಷ್ಟು ಲೆಕ್ಕ ಬೇಡ. ಅನುಮಾನವಿದ್ದರೆ ಮಾದರಿಯನ್ನು ಮತ್ತೆ ಪರೀಕ್ಷಿಸಬೇಕಿತ್ತು, ಇಲ್ಲವೇ ಆರೋಪವನ್ನೇ ಮರುಪರಿಶೀಲಿಸಬೇಕಿತ್ತು. ಇಲ್ಲಿ ಮೂಳೆಗಳ ಬಳಿ ಸಿಕ್ಕ ಸೀರೆ, ಚಪ್ಪಲಿಯ ಗುರುತೇ ಹೆಚ್ಚು ತೂಗಿತು. ಒಂದೇ ಬಗೆಯ ಸೀರೆಯನ್ನು ಸಂತೆಯಲ್ಲಿ ನೂರು ಜನ ಕೊಳ್ಳುತ್ತಾರೆ.

ಹಾಗಾದರೆ ಬೆಟ್ಟದಪುರದ ಮೂಳೆಗಳು ಯಾರವು? ಇನ್ನ್ಯಾರದೋ ಮನೆಯವರು ಕಾಯುತ್ತಿರಬಹುದು. ಕಾಣೆಯಾದವರ ಬಂಧುಗಳ ಡಿಎನ್‌ಎಯನ್ನು ಗುರುತು ಸಿಗದ ಶವಗಳ ಡಿಎನ್‌ಎ ಜೊತೆ ಹೋಲಿಸುವ ರಾಷ್ಟ್ರೀಯ ಸಂಗ್ರಹವೊಂದು ಡಿಎನ್‌ಎ ತಂತ್ರಜ್ಞಾನ ಮಸೂದೆಯಲ್ಲಿತ್ತು. ಖಾಸಗಿತನದ ಆತಂಕಗಳಿಗೆ ಗುರಿಯಾಗಿದ್ದ ಆ ಮಸೂದೆಯನ್ನು ಕೇಂದ್ರ ಸರ್ಕಾರ 2023ರಲ್ಲಿ ಹಿಂಪಡೆಯಿತು. ಆತಂಕ ಸುಳ್ಳಲ್ಲ. ಆದರೆ ಮಸೂದೆಯಲ್ಲಿದ್ದ ಆರೋಪಿಗಳ ಪಟ್ಟಿಯನ್ನು ಬದಿಗಿಟ್ಟು, ಕಾಣೆಯಾದವರಿಗೆ ಮಾತ್ರ ಸೀಮಿತವಾದ ಸಂಗ್ರಹವನ್ನಾದರೂ, ಬಂಧುಗಳ ಒಪ್ಪಿಗೆ ಪಡೆದು ಕಟ್ಟಬಹುದು.