ನನ್ನ ಗಂಧರ್ವ ಮುಗಿಲರಾಯ

ಗಂಧರ್ವರೆಂದರೆ ದೇವಲೋಕದ ಹಾಡುಗಾರರು ಎಂದು ಅಜ್ಜಿ ಕತೆ ಹೇಳಿದ ರಾತ್ರಿಯೇ ನಾನೂ ಒಬ್ಬ ಗಂಧರ್ವನನ್ನು ಕಲ್ಪಿಸಿಕೊಂಡೆ. ಹೆಸರು ಮುಗಿಲರಾಯ. ಇಂದ್ರನ ಸಭೆಯಲ್ಲಿ ತುಂಬುರನನ್ನೂ ಮೀರಿಸುವ ಸ್ಟಾರ್ ಅವನು! ಗಜೇಂದ್ರಗಡದ ನಮ್ಮ ಮನೆಯ ಮಾಳಿಗೆ ಹತ್ತಿ, ಅವನ ಹಾಡುಗಳನ್ನು ನಾನೇ ಕಟ್ಟಿ ಹಾಡುತ್ತಿದ್ದೆ.

ಒಂಬತ್ತನೇ ತರಗತಿಯಲ್ಲಿದ್ದಾಗ ವೇದಿಕೆ ಮೇಲೆ ಹಾಡುತ್ತಿದ್ದಂತೆ ದನಿ ಒಡೆಯಿತು. ಎಲ್ಲರೂ ನಕ್ಕರು. ಅಂದೇ ಮುಗಿಲರಾಯನ ಬಾಯಿಯೂ ಕಟ್ಟಿತು. ಹಾಡುವುದು ಗಂಧರ್ವರ ಕೆಲಸ, ನನ್ನದಲ್ಲ ಅಂದುಕೊಂಡೆ.

ಕಾಲೇಜಿಗೆಂದು ರೋಣದ ಬಸ್ ಹತ್ತತೊಡಗಿದ ಮೇಲೆ, ಅದೇ ರೋಣದ ಪಂಡಿತ ಭೀಮಸೇನ ಜೋಶಿ ಅವರ ಬಗ್ಗೆ ಓದಿದೆ. ಹುಟ್ಟಿದ್ದು 1922ರಲ್ಲಿ. ಅಬ್ದುಲ್ ಕರೀಂ ಖಾನರ ಧ್ವನಿಮುದ್ರಿಕೆ ಕೇಳಿ ಮರುಳಾದ ಅವರು 1933ರಲ್ಲಿ, 11ನೇ ವಯಸ್ಸಿಗೇ, ಗುರುವನ್ನು ಹುಡುಕಿಕೊಂಡು ಮನೆ ಬಿಟ್ಟರಂತೆ. ಉತ್ತರ ಭಾರತವೆಲ್ಲ ಅಲೆದು ಬಂದವರಿಗೆ ಕೊನೆಗೆ ಗುರು ಸಿಕ್ಕಿದ್ದು ನಮ್ಮ ಸೀಮೆಯ ಕುಂದಗೋಳದಲ್ಲೇ. ಹೆಸರು ರಾಮಭಾವು ಕುಂದಗೋಳಕರ. ಜನ ಅವರನ್ನು ಕರೆದದ್ದು ಸವಾಯಿ ಗಂಧರ್ವ ಎಂದು!

ಬಸ್ಸಿನಲ್ಲಿ ಕೂತು ಒಬ್ಬನೇ ನಕ್ಕೆ. ನಾನು ಮುಗಿಲಲ್ಲಿ ಹುಡುಕಿದ ಗಂಧರ್ವ ಕುಂದಗೋಳದಲ್ಲಿ ಕೂತು ಪಾಠ ಹೇಳಿದ್ದ. ಭಾರತ ರತ್ನರಾದವರೂ ಅಲ್ಲಿ ವರ್ಷಗಟ್ಟಲೆ ಕಲಿತಿದ್ದರು.

ಮೊನ್ನೆ ಮತ್ತೆ ಮಾಳಿಗೆ ಹತ್ತಿದೆ. ಮೇಲಿನ ಸ್ವರಕ್ಕೆ ಹೋಗುತ್ತಲೇ ದನಿ ಒಡೆಯಿತು, ಸುಮ್ಮನಾದೆ. ಕೆಳಗಿನಿಂದ ಅವ್ವ ಕೂಗಿದಳು: ‘ಯಾಕ ನಿಲ್ಲಿಸಿದಿ? ಹಾಡಪಾ, ಕೇಳಾಕತ್ತೀನಿ.’

ಮತ್ತೆ ಮೊದಲಿನಿಂದ ಶುರು ಮಾಡಿದೆ.