ಉಕ್ಕಿನ ಪೆಟ್ಟಿಗೆಗೆ ಹೆಸರಿಟ್ಟವರು ಯಾರು?

ಮಕ್ಕಳೇ, ಹೆದ್ದಾರಿಯಲ್ಲಿ ಉದ್ದನೆಯ ಟ್ರೈಲರ್ ಲಾರಿಗಳ ಮೇಲೆ ಸಾಗುವ ದೊಡ್ಡ ಉಕ್ಕಿನ ಪೆಟ್ಟಿಗೆಗಳನ್ನು ನೀವು ನೋಡಿರಬಹುದು. ಇವೇ ಕಂಟೇನರುಗಳು. ಮುಂದಿನ ಸಲ ಕಂಡಾಗ ಅದರ ಹಿಂದಿನ ಬಾಗಿಲನ್ನು ಗಮನಿಸಿ. ಬಲಗಡೆ ಮೇಲ್ಭಾಗದಲ್ಲಿ ಇಂಗ್ಲಿಷಿನ ನಾಲ್ಕು ದೊಡ್ಡ ಅಕ್ಷರಗಳು, ಆರು ಅಂಕಿಗಳು, ಕೊನೆಯಲ್ಲಿ ಚಿಕ್ಕ ಚೌಕದೊಳಗೆ ಇನ್ನೊಂದು ಅಂಕಿ ಇರುತ್ತವೆ. ಇದು ಲಾರಿಯ ನಂಬರಲ್ಲ, ಪೆಟ್ಟಿಗೆಯದೇ ಹೆಸರು! ಲಾರಿಯಿಂದ ರೈಲಿಗೆ, ರೈಲಿನಿಂದ ಹಡಗಿಗೆ ಏರಿದರೂ ಈ ಹೆಸರು ಬದಲಾಗುವುದಿಲ್ಲ.

ಹಿಂದೆ ಹಡಗಿಗೆ ಸರಕು ತುಂಬುವುದೆಂದರೆ ಮೂಟೆ ಮೂಟೆಯಾಗಿ, ಪೀಪಾಯಿ ಪೀಪಾಯಿಯಾಗಿ ಹೊರುವ ಕೆಲಸ. ದಿನಗಟ್ಟಲೆ ಹಿಡಿಯುತ್ತಿತ್ತು. 1956ರಲ್ಲಿ ಅಮೆರಿಕದ ಮಾಲ್ಕಮ್ ಮೆಕ್ಲೀನ್ ಎಂಬ ಲಾರಿ ಮಾಲೀಕರು ಸರಕು ತುಂಬಿದ 58 ಪೆಟ್ಟಿಗೆಗಳನ್ನು 'ಐಡಿಯಲ್ ಎಕ್ಸ್' ಎಂಬ ಹಡಗಿನಲ್ಲಿ ಸಾಗಿಸಿ ಹೊಸ ದಾರಿ ತೋರಿದರು. ಇಂದಿನ ಅತಿ ದೊಡ್ಡ ಹಡಗುಗಳು 20 ಅಡಿ ಪೆಟ್ಟಿಗೆಗಳ ಲೆಕ್ಕದಲ್ಲಿ 20,000ಕ್ಕೂ ಹೆಚ್ಚನ್ನು ಹೊರಬಲ್ಲವು. ಪೆಟ್ಟಿಗೆಗಳೆಲ್ಲ ಒಂದೇ ಆಕಾರ, ಬಾಗಿಲಿಗೆ ಮೊಹರು. ಒಳಗೇನಿದೆ ಎಂದು ತೆರೆದು ನೋಡುವಂತಿಲ್ಲ.

ಈಗ ಯೋಚಿಸಿ. ಚಿಕ್ಕಮಗಳೂರಿನ ಕಾಫಿ ಬೀಜ ತುಂಬಿದ ಪೆಟ್ಟಿಗೆ ಪಣಂಬೂರಿನ ನವಮಂಗಳೂರು ಬಂದರಿನಿಂದ ಇಟಲಿಗೆ ಹೊರಟಿದೆ. ಕಾಗದದಲ್ಲಿ ಒಂದೇ ಒಂದು ಅಂಕಿ ತಪ್ಪಿದರೂ ಕಾಫಿ ಕಾಯುತ್ತಿದ್ದವರಿಗೆ ಬೇರಾರದೋ ಪೆಟ್ಟಿಗೆ ಸಿಗಬಹುದು. ಅದರಲ್ಲಿ ಇನ್ಯಾವುದೋ ಊರಿನ ಆಸ್ಪತ್ರೆಗೆ ಹೊರಟಿದ್ದ ಔಷಧಿ ಇದ್ದರೆ?

ಆದ್ದರಿಂದ ಹೆಸರಿಡುವ ಕೆಲಸವನ್ನು ಎಲ್ಲರೂ ಒಪ್ಪಿದ ಒಂದು ಸಂಸ್ಥೆಗೆ ವಹಿಸಲಾಗಿದೆ. ಅದು ಫ್ರಾನ್ಸಿನ ಪ್ಯಾರಿಸ್ ನಗರದಲ್ಲಿರುವ ಅಂತರರಾಷ್ಟ್ರೀಯ ಕಂಟೇನರ್ ಬ್ಯೂರೊ. ಇದು ಆರಂಭವಾದದ್ದು 1933ರಲ್ಲಿ, ಅಂದರೆ ಮೆಕ್ಲೀನ್‌ರ ಹಡಗಿಗಿಂತಲೂ ಮೊದಲೇ! ಪೆಟ್ಟಿಗೆಗಳ ಮಾಲೀಕರು ತಮಗೆ ಬೇಕಾದ ಮೂರು ಅಕ್ಷರಗಳನ್ನು ಆರಿಸಿ ಇಲ್ಲಿಗೆ ಅರ್ಜಿ ಹಾಕುತ್ತಾರೆ. ಆ ಮೂರಕ್ಷರ ಬೇರೆಯವರ ಬಳಿ ಇಲ್ಲವೆಂದು ಖಚಿತವಾದ ಮೇಲೆ ಬ್ಯೂರೊ ಅದನ್ನು ಅವರ ಹೆಸರಿಗೆ ದಾಖಲಿಸುತ್ತದೆ. ನಾಲ್ಕನೆಯ ಅಕ್ಷರ ಸಾಮಾನ್ಯವಾಗಿ 'ಯು'. ಇದು ಸರಕಿನ ಕಂಟೇನರ್ ಎಂಬುದಕ್ಕೆ ಗುರುತು. 26 ಅಕ್ಷರಗಳಿಂದ ಮೂರಕ್ಷರದ ಹೆಸರುಗಳನ್ನು 26×26×26, ಅಂದರೆ 17,576 ಬಗೆಯಲ್ಲಿ ಮಾಡಬಹುದು. ಮುಂದಿನ ಆರು ಅಂಕಿಗಳನ್ನು ಮಾಲೀಕರೇ ಕೊಟ್ಟುಕೊಳ್ಳುತ್ತಾರೆ. ಹಾಗಾದರೆ ಒಂದು ಹೆಸರಿನಡಿ ಎಷ್ಟು ಪೆಟ್ಟಿಗೆ ಇರಬಹುದು? ಹತ್ತು ಲಕ್ಷ!

ಹೆಸರು ಸಿಕ್ಕರೆ ಮುಗಿಯಲಿಲ್ಲ, ಅದನ್ನು ಉಳಿಸಿಕೊಳ್ಳಲೂ ಬೇಕು. ಪ್ರತಿ ವರ್ಷ ಶುಲ್ಕ ಕಟ್ಟಬೇಕು. ವಿಳಾಸ ಬದಲಾದರೆ ತಿಳಿಸಬೇಕು. ಕಂಪನಿ ಮಾರಾಟವಾದರೆ ಹೆಸರನ್ನು ಹೊಸ ಮಾಲೀಕರಿಗೆ ವರ್ಗಾಯಿಸಬೇಕು. 2005ರಲ್ಲಿ ಡೆನ್ಮಾರ್ಕಿನ ಮೆರ್ಸ್ಕ್ ಕಂಪನಿಯು ಪಿ ಅಂಡ್ ಒ ನೆಡ್‌ಲಾಯ್ಡ್ ಎಂಬ ಕಂಪನಿಯನ್ನು ಕೊಂಡಿತು. ಆಗ ಆ ಕಂಪನಿಯ 'ಪಿಒಎನ್‌ಯು' ಎಂಬ ಹೆಸರೂ ಪೆಟ್ಟಿಗೆಗಳ ಜೊತೆಗೇ ಮೆರ್ಸ್ಕ್‌ಗೆ ಸೇರಿತು. ದಾಖಲೆ ಸರಿಯಿಲ್ಲದ ಪೆಟ್ಟಿಗೆ ಬಂದರಿನಲ್ಲೇ ನಿಲ್ಲಬೇಕಾದೀತು. ಏಕೆಂದರೆ ಹೊರದೇಶದ ಕಂಟೇನರ್ ಗೊತ್ತಾದ ಅವಧಿಯೊಳಗೆ ಹಿಂದಿರುಗುವುದಾದರೆ ಆ ಪೆಟ್ಟಿಗೆಗೆ ಕಸ್ಟಮ್ಸ್ ಅಧಿಕಾರಿಗಳು ಸುಂಕ ಕೇಳುವುದಿಲ್ಲ. ಬಂದದ್ದೂ ಹೋದದ್ದೂ ಒಂದೇ ಪೆಟ್ಟಿಗೆ ಎಂದು ತಿಳಿಯುವುದು ಈ ಹೆಸರಿನಿಂದಲೇ.

ಅಮೆರಿಕದಲ್ಲಿ ಲಾರಿ, ರೈಲು, ಹಡಗು ಕಂಪನಿಗಳಿಗೂ ಎರಡರಿಂದ ನಾಲ್ಕು ಅಕ್ಷರಗಳ ಇಂಥದೇ ಸಂಕೇತ ಉಂಟು. ಅದನ್ನೂ ವರ್ಷ ವರ್ಷ ನವೀಕರಿಸಬೇಕು. ಅಲ್ಲಿಯೂ 'ಯು'ನಿಂದ ಕೊನೆಯಾಗುವ ಸಂಕೇತಗಳು ಕಂಟೇನರುಗಳಿಗೇ ಮೀಸಲು.

ಇನ್ನು ಚೌಕದೊಳಗಿನ ಆ ಅಂಕಿ. ಇಡೀ ಹೆಸರಿನಲ್ಲಿ ನನಗೆ ತುಂಬ ಹಿಡಿಸಿದ್ದು ಇದೇ. ಇದರ ಹೆಸರು ತಾಳೆ ಅಂಕಿ. ಉಳಿದ ಹತ್ತನ್ನು ಸರಿಯಾಗಿ ಬರೆದಿದ್ದಾರೆಯೇ ಎಂದು ಕಾವಲು ಕಾಯುವುದು ಇದರ ಕೆಲಸ. ಪಾಠಗಳಲ್ಲಿ ಉದಾಹರಣೆಯಾಗಿ ಕೊಡುವ ಒಂದು ಹೆಸರನ್ನು ನೋಡೋಣ: ಸಿ ಎಸ್ ಕ್ಯೂ ಯು 305438, ಚೌಕದಲ್ಲಿ 3.

ಮೊದಲು ಅಕ್ಷರಗಳಿಗೆ ಬೆಲೆ ಕೊಡಬೇಕು. 'ಎ'ಗೆ 10, 'ಬಿ'ಗೆ 12, 'ಸಿ'ಗೆ 13 ಎಂದು ಸಾಗಿ 'ಝಡ್'ಗೆ 38. ನಡುವೆ 11, 22, 33 ಬಿಟ್ಟುಹೋಗಿವೆ, ಗಮನಿಸಿ. ಮುಂದೆ 11ರಿಂದ ಭಾಗಿಸಲಿದ್ದೇವೆ. ಆ ಮೂರೂ 11ರಿಂದ ಶೇಷವಿಲ್ಲದೆ ಭಾಗವಾಗುವುದರಿಂದ ಅವು ಕಾವಲಿಗೆ ಬಾರವು. ಈ ಲೆಕ್ಕದಲ್ಲಿ ಸಿ 13, ಎಸ್ 30, ಕ್ಯೂ 28, ಯು 32.

ಈಗ ಹತ್ತು ಸ್ಥಾನಗಳನ್ನು ಎಡದಿಂದ ಕ್ರಮವಾಗಿ 1, 2, 4, 8, 16, 32, 64, 128, 256, 512ರಿಂದ ಗುಣಿಸಿ. ಪ್ರತಿ ಸಲವೂ ಇಮ್ಮಡಿ!

ಅಕ್ಷರಗಳಿಂದ: 13 + 60 + 112 + 256 = 441
ಅಂಕಿಗಳಿಂದ: 48 + 0 + 320 + 512 + 768 + 4096 = 5744
ಒಟ್ಟು: 6185

6185ನ್ನು 11ರಿಂದ ಭಾಗಿಸಿದರೆ ಶೇಷ 3. ಚೌಕದಲ್ಲಿರುವುದೂ 3. ತಾಳೆಯಾಯಿತು!

ಸುಮ್ಮನೆ ಕೂಡಿದರೆ ಸಾಲದೇ, ಇಮ್ಮಡಿಯ ಗುಣಾಕಾರ ಏಕೆ ಎಂದು ನೀವು ಕೇಳಬಹುದು. ಬರೆಯುವಾಗ ನಾವು ಮಾಡುವ ಸಾಮಾನ್ಯ ತಪ್ಪು ಪಕ್ಕಪಕ್ಕದ ಅಂಕಿಗಳನ್ನು ಅದಲು ಬದಲು ಮಾಡುವುದು. 305438 ಬದಲು 304538 ಎಂದು ಬರೆದೆವು ಎನ್ನೋಣ. ಸುಮ್ಮನೆ ಕೂಡಿದ್ದರೆ ಮೊತ್ತ ಒಂದೇ, ತಪ್ಪು ಸಿಗುತ್ತಿರಲಿಲ್ಲ. ಈ ಕ್ರಮದಲ್ಲಾದರೆ ಒಟ್ಟು 6249 ಆಗಿ, ಶೇಷ 1 ಬರುತ್ತದೆ. ಚೌಕದಲ್ಲಿ 3 ಇದೆ. ಕಂಪ್ಯೂಟರ್ ಕೂಡಲೇ 'ತಪ್ಪಿದೆ' ಎನ್ನುತ್ತದೆ.

ಈ ಕಾವಲುಗಾರನಿಗೂ ಒಂದು ದೌರ್ಬಲ್ಯವಿದೆ. 11ರಿಂದ ಭಾಗಿಸಿದಾಗ ಶೇಷ 10 ಬರಬಹುದಲ್ಲವೇ? ಚೌಕದಲ್ಲಿ ಒಂದೇ ಅಂಕಿಗೆ ಜಾಗ. ಆಗ 0 ಎಂದೇ ಬರೆಯುತ್ತಾರೆ. ಶೇಷ ನಿಜವಾಗಿಯೂ 0 ಬಂದರೂ 0! ಈ ಗೊಂದಲ ಬೇಡವೆಂದು ಶೇಷ 10 ಬರುವ ಸಂಖ್ಯೆಗಳನ್ನು ಬಿಟ್ಟುಬಿಡಿ ಎಂದು ಮಾಲೀಕರಿಗೆ ಸಲಹೆ ಕೊಡಲಾಗಿದೆ.

ಮಾಡಿ ನೋಡಿ: ಮೇಲಿನ ಹೆಸರಿನಲ್ಲಿ 305438 ಬದಲು 405438 ಎಂದಿದ್ದರೆ ಚೌಕದಲ್ಲಿ ಯಾವ ಅಂಕಿ ಇರಬೇಕು? (ಉತ್ತರ: 8) ನಿಮ್ಮ ಊರಿನ ಮೇಲೆ ಹಾದುಹೋಗುವ ಕಂಟೇನರ್ ಎಲ್ಲಾದರೂ ನಿಂತಿದ್ದರೆ, ರಸ್ತೆಗೆ ಇಳಿಯದೆ ದೂರದಿಂದಲೇ ಅದರ ಹೆಸರು ಬರೆದುಕೊಂಡು ತಾಳೆ ನೋಡಿ.